ಹಿಂದಿನಿಂದ ಕರೆಯಬೇಡಿ

"ರೀ... ಮೇಡಂ, ಒಂದ್ನಿಮಿಷ ನಿಲ್ಲಿ!"

ವ್ಯಾನಿನ ಮೆಟ್ಟಿಲ ಮೇಲಿಟ್ಟ ಹಂಸಾಳ ಕಾಲು ಅಲ್ಲೇ ನಿಂತುಬಿಟ್ಟಿತು. ದಕ್ಷಿಣ ಇಟಲಿಯ ಪುಟ್ಟ ಊರೊಂದರ ಚೌಕ. ಇನ್ನೂ ಬೆಳಗಿನ ತಣ್ಣನೆ ಗಾಳಿ. ಅಂಥ ಜಾಗದಲ್ಲಿ ಬೆನ್ನ ಹಿಂದಿನಿಂದ ಯಾರೋ ಕನ್ನಡದಲ್ಲಿ ಕರೆದಿದ್ದರು.

ಬೇರೆ ಯಾರೇ ಆಗಿದ್ದರೂ ಖುಷಿಯಿಂದ ತಿರುಗಿ ನೋಡುತ್ತಿದ್ದರು. ಹಂಸಾಳ ಮುಖ ಮಾತ್ರ ಬಿಳಚಿಕೊಂಡಿತು.

"ನಿಮ್ಮ ಶಾಲು ಬಿದ್ದಿತ್ತು," ಎಂದ ಅವನು, ಓಡಿಬಂದು ಏದುಸಿರು ಬಿಡುತ್ತ. ಎತ್ತರದ ಆಳು, ಕಿವಿಯ ಬಳಿ ಒಂದೆರಡು ಬಿಳಿಕೂದಲು. "ನೀವು ಆಂಟಿ ಹತ್ರ ಕನ್ನಡದಲ್ಲಿ ಮಾತಾಡೋದು ಕೇಳಿಸ್ತು, ಅದಕ್ಕೇ..."

"ಹೊರಟೋರನ್ನ ಹಿಂದಿನಿಂದ ಕರೀಬಾರದು ಅಂತ ನಿಮ್ಮನೇಲಿ ಯಾರೂ ಹೇಳ್ಕೊಟ್ಟಿಲ್ವಾ?"

ಅವನು ನಕ್ಕ. ತಮಾಷೆ ಎಂದುಕೊಂಡಿರಬೇಕು. ಅವಳ ಕಣ್ಣು ನೋಡಿದ ಮೇಲೆ ಆ ನಗು ಅರ್ಧಕ್ಕೇ ನಿಂತಿತು.

"ಸಾರಿ. ಮತ್ತೆ ಶಾಲನ್ನ ಹೇಗೆ ಕೊಡಬೇಕಿತ್ತು?"

"ಓಡಿ ಮುಂದೆ ಬಂದು ಕೊಡಬೇಕಿತ್ತು."

ಶಾಲನ್ನು ಕಿತ್ತುಕೊಂಡಂತೆ ಇಸಿದುಕೊಂಡು ಅವಳು ವ್ಯಾನು ಹತ್ತಿದಳು. 'ಹೊರಡೋ ಹೊತ್ತಿಗೇ ಹೀಗಾಯ್ತಲ್ಲ... ಇವತ್ತು ಏನೋ ಆಗುತ್ತೆ.'

ನಗಬೇಡಿ. ಹಂಸಾ ಹಳೇ ಕಾಲದ ಹೆಂಗಸೇನಲ್ಲ. ಅಮೆರಿಕದ ಮಿಲ್ಪಿಟಾಸಿನ ಒಂದು ಎಲೆಕ್ಟ್ರಾನಿಕ್ಸ್ ಕಂಪನಿಯಲ್ಲಿ ಟೆಸ್ಟ್ ಎಂಜಿನಿಯರು. ಯಾವ ಬೋರ್ಡು ಯಾಕೆ ಕೆಟ್ಟಿತು ಎಂದು ಪುರಾವೆ ಸಮೇತ ಹೇಳುವುದೇ ಅವಳ ಕೆಲಸ. ಬೆಕ್ಕು ಅಡ್ಡ ಬಂದರೆ ಮುದ್ದು ಮಾಡಿ ಮುಂದೆ ಹೋಗುವವಳು. ಇದೊಂದು ವಿಷಯದಲ್ಲಿ ಮಾತ್ರ ಅವಳ ಬುದ್ಧಿ ಅವಳ ಮಾತು ಕೇಳುವುದಿಲ್ಲ.

ಮೂರು ವರ್ಷದ ಹಿಂದೆ ಒಂದು ಶನಿವಾರ, ಅವಳ ಗಂಡ ಕುಶಲ್ ಸೈಕಲ್ಲು ಹತ್ತಿ ಬೆಟ್ಟದ ರಸ್ತೆಗೆ ಹೊರಟಿದ್ದ. ನೀರಿನ ಬಾಟಲಿ ಅಡುಗೆಮನೆಯಲ್ಲೇ ಉಳಿದಿತ್ತು. "ಕುಶಲ್, ನೀರು ಬಿಟ್ಟೆ ನೋಡು," ಎಂದು ಇವಳು ಬಾಗಿಲಿಂದ ಕೂಗಿದಳು. ಅವನು ತಿರುಗಿ ಬಂದು, ಬಾಟಲಿ ತೆಗೆದುಕೊಂಡು, ಅವಳ ಕೆನ್ನೆ ತಟ್ಟಿ ಹೋದ. ಬೆಟ್ಟದ ತಿರುವಿನಲ್ಲಿ ಕಾರೊಂದು ಅವನಿಗೆ ಗುದ್ದಿತು. ಅವನು ಮತ್ತೆ ಮನೆಗೆ ಬರಲಿಲ್ಲ.

ಆಸ್ಪತ್ರೆಯಲ್ಲಿ ಅತ್ತೆ ರಮಾ ಕೇಳಿದ್ದು ಒಂದೇ ಮಾತು. "ಹೊರಟವನನ್ನ ಯಾಕಮ್ಮಾ ಕರೆದೆ?"

ಆಮೇಲೆ ಆ ಮಾತನ್ನು ಅವರು ಯಾವತ್ತೂ ಎತ್ತಲಿಲ್ಲ. ಸೊಸೆಯನ್ನು ಹೊಟ್ಟೆಯಲ್ಲಿ ಹುಟ್ಟಿದವಳ ಹಾಗೆ ನೋಡಿಕೊಂಡರು. ಅದೇ ಟೌನ್‌ಹೌಸಿನಲ್ಲಿ ಇಬ್ಬರೂ ಒಬ್ಬರಿಗೊಬ್ಬರು ಆಸರೆಯಾಗಿ ಉಳಿದರು. ಆದರೆ ಆ ಮಾತು ಹಂಸಾಳ ಎದೆಯಲ್ಲಿ ಮುರಿದ ಮುಳ್ಳಾಗಿ ಕೂತುಬಿಟ್ಟಿತು. ಶಕುನವನ್ನಾದರೆ ಅವಳು ತಳ್ಳಿಹಾಕಬಲ್ಲಳು. ಲೆಕ್ಕವನ್ನು ತಳ್ಳಿಹಾಕುವುದು ಹೇಗೆ? ತಾನು ಕರೆಯದೇ ಇದ್ದಿದ್ದರೆ, ಆ ಕಾರು ಬರುವ ಹೊತ್ತಿಗೆ ಕುಶಲ್ ತಿರುವು ದಾಟಿ ಹೋಗಿರುತ್ತಿದ್ದ.

ಅಂದಿನಿಂದ ಅವಳು ಯಾರನ್ನೂ ಹಿಂದಿನಿಂದ ಕರೆದಿಲ್ಲ. ಆಫೀಸಿನಲ್ಲಿ ಯಾರಾದರೂ ಫೋನು ಮರೆತು ಹೊರಟರೆ, ಇನ್ನೊಂದು ಬಾಗಿಲಿಂದ ಸುತ್ತಿ ಓಡಿ, ಎದುರಿಗೆ ನಿಂತು ಕೊಡುತ್ತಾಳೆ. ಇವಳಿಗೆ ಓಡುವ ಹುಚ್ಚು ಎಂದು ಅವರೆಲ್ಲ ತಿಳಿದಿದ್ದಾರೆ.

"ಯಾರೇ ಅದು, ಕನ್ನಡದ ಹುಡುಗ?" ಪಕ್ಕದ ಸೀಟಿನಿಂದ ರಮಾ ಕೇಳಿದರು. ಮೊಣಕಾಲು ಪೂರ್ತಿ ಕೈಕೊಡುವ ಮೊದಲು ಇಟಲಿ ನೋಡಬೇಕು ಎಂದು ಹಟ ಹಿಡಿದು ಸೊಸೆಯನ್ನು ಹೊರಡಿಸಿದವರು ಅವರೇ.

"ಯಾರೋ ಅತ್ತೆ. ನಮಗ್ಯಾಕೆ."

ನಮಗ್ಯಾಕೆ ಎಂದರೆ ರಮಾ ಬಿಡುತ್ತಾರೆಯೇ? ವ್ಯಾನು ಮೊದಲ ಊರು ತಲುಪುವಷ್ಟರಲ್ಲಿ ಅವರು, ಅದೇ ಟೂರಿಗೆ ಬಂದು ಮುಂದಿನ ಸೀಟಿನಲ್ಲಿ ಕೂತಿದ್ದ ಅವನ ಜಾತಕವನ್ನೇ ಬಿಡಿಸಿದ್ದರು. ಹೆಸರು ಅಚ್ಯುತ. ಎಲೆಕ್ಟ್ರಿಕ್ ಕಾರಿಗೆ ಬ್ಯಾಟರಿ ಮಾಡುವ ಕೆಲಸ. ಒಬ್ಬನೇ ಬಂದಿದ್ದಾನೆ.

"ಮನೆ ಎಲ್ಲಪ್ಪಾ?"

"ನೆವಾರ್ಕು, ಆಂಟಿ."

"ಅಯ್ಯೋ, ನಾವು ಮಿಲ್ಪಿಟಾಸು! ಟ್ರಾಫಿಕ್ ಇಲ್ದಿದ್ರೆ ಹದಿನೈದು ನಿಮಿಷ."

"ಟ್ರಾಫಿಕ್ ಇಲ್ದಿರೋ ದಿನ ಒಂದು ತೋರಿಸಿ ನೋಡೋಣ," ಎಂದ ಅವನು. ಹಂಸಾಗೆ ಬೇಡವೆಂದರೂ ನಗು ಬಂತು.

ಮೊದಲ ಊರಿನಲ್ಲಿ ಸುಣ್ಣ ಬಳಿದ ಇಕ್ಕಟ್ಟು ಓಣಿಗಳು, ಎರಡನೆಯದರಲ್ಲಿ ಹಳೇ ಕೋಟೆ. ಗೈಡು ಡೊನಾಟೆಲ್ಲಾ ಕೊಡೆ ಎತ್ತಿ ಹಿಡಿದು ಮುಂದೆ ಮುಂದೆ ನಡೆದಳು. ಕೋಟೆಯ ನೆರಳಲ್ಲಿ ಊಟಕ್ಕೆ ಕೂತಾಗ ರಮಾ ಬ್ಯಾಗಿನಿಂದ ಚಟ್ನಿಪುಡಿಯ ಡಬ್ಬಿ ತೆಗೆದರು. ಅದನ್ನು ಆಲಿವ್ ಎಣ್ಣೆಯಲ್ಲಿ ಕಲಸಿ ಅಲ್ಲಿಯ ಗಟ್ಟಿ ಬ್ರೆಡ್ಡಿಗೆ ಹಚ್ಚಿ ಕೊಟ್ಟರು. ಅಚ್ಯುತ ಒಂದು ತುತ್ತು ತಿಂದವನು ಕೈಯಲ್ಲಿದ್ದ ಬ್ರೆಡ್ಡನ್ನೇ ನೋಡತೊಡಗಿದ.

"ಖಾರ ಆಯ್ತಾ?" ಎಂದಳು ಹಂಸಾ.

"ಇಲ್ಲ. ಯಾರಾದ್ರೂ ಕೈಯಾರೆ ಹಚ್ಚಿ ಕೊಟ್ಟು ತುಂಬ ದಿನ ಆಗಿತ್ತು."

ರಮಾ ಮೆಲ್ಲಗೆ ಎದ್ದು ಕೋಟೆ ನೋಡುವ ನೆಪ ಮಾಡಿ ದೂರ ಹೋದರು. ಅವನು ತನ್ನ ಕಥೆ ಹೇಳಿದ. ಮದುವೆ ಮುರಿದಿತ್ತು. ಜಗಳವೇನೂ ಇಲ್ಲದೆ, ಸದ್ದಿಲ್ಲದೆ.

"ಸೂಟ್‌ಕೇಸು ತಗೊಂಡು ಹೊರಟ ದಿನ ಅವಳು ಬಾಗಿಲ ತನಕ ಬಂದ್ಲು. ಕಾರಿನ ತನಕ ಬೇಕು ಅಂತಲೇ ನಿಧಾನಕ್ಕೆ ನಡೆದೆ. ಒಂದ್ಸಲ ಕರೀಬಹುದು ಅಂತ." ಅವನು ಬ್ರೆಡ್ಡಿನ ಚೂರುಗಳನ್ನು ಒಟ್ಟು ಮಾಡಿದ. "ಕರೀಲಿಲ್ಲ. ಅದಕ್ಕೇ ಇರಬೇಕು, ಬೆಳಿಗ್ಗೆ ನೀವು ಬೈದಾಗ ಆಶ್ಚರ್ಯ ಆಯ್ತು. ಹಿಂದಿನಿಂದ ಕರೆದರೆ ಬೇಜಾರು ಮಾಡ್ಕೊಳ್ಳೋರೂ ಇದ್ದಾರಲ್ಲ ಅಂತ."

ಕುಶಲ್ ವಿಷಯ ಹಂಸಾಳ ನಾಲಿಗೆಯ ತುದಿಗೆ ಬಂತು. ಹೇಳಿಬಿಡಲೇ? ಬೇಡ... ಹೇಳಿದರೆ ಅತ್ತೆಯ ಆ ಮಾತನ್ನೂ ಹೇಳಬೇಕಾಗುತ್ತದೆ. ಅವಳು ಶಾಲನ್ನು ಬಿಗಿಯಾಗಿ ಸುತ್ತಿಕೊಂಡಳು.

ಮೂರನೆಯ ಹಳ್ಳಿಗೆ ಹೊರಟಾಗ ಆಕಾಶ ಕಪ್ಪಾಗಿತ್ತು. ತಿರುವಿನಿಂದ ತಿರುವಿಗೆ ವ್ಯಾನು ಏರುತ್ತಿದ್ದಂತೆ ಹಂಸಾ ಪ್ರಪಾತದ ಕಡೆ ನೋಡದೆ ಕಣ್ಣು ಮುಚ್ಚಿದಳು. ಪ್ರತಿ ಬ್ರೇಕಿಗೂ ಅವಳ ಜೀವ ಬಾಯಿಗೆ ಬರುತ್ತಿತ್ತು. ಬೆಳಗಿನ ಕರೆ ಇನ್ನೂ ಬೆನ್ನ ಮೇಲೆ ಕೂತಿತ್ತು.

"ಈ ಊರು ಹಿಂದೊಮ್ಮೆ ಜಾರಿತು," ಎಂದಳು ಡೊನಾಟೆಲ್ಲಾ. "ಗುಡ್ಡದ ಒಂದು ಮಗ್ಗುಲು ರಾತ್ರೋರಾತ್ರಿ ಕುಸಿಯಿತು. ಅರ್ಧ ಊರು ಖಾಲಿಯಾಯಿತು. ಮೇಲಿನ ಬೀದಿಗಳಲ್ಲಿ ಓಡಾಡಿ. ಕೆಳಗಿನ ಓಣಿಗೆ ಹಳದಿ ಟೇಪು ಕಟ್ಟಿದ್ದಾರೆ. ಅದನ್ನು ಮಾತ್ರ ದಾಟಬೇಡಿ."

ಊರಿನಲ್ಲಿ ಗಾಳಿಯ ಸದ್ದು ಬಿಟ್ಟರೆ ಬೇರೆ ಸದ್ದಿರಲಿಲ್ಲ. ಬಾಗಿಲಿಲ್ಲದ ಮನೆಗಳೊಳಗೆ ಕತ್ತಲೆ ತುಂಬಿತ್ತು. ಎಲ್ಲೋ ಕಿಟಕಿಯ ಬಾಗಿಲೊಂದು ಬಡಿದುಕೊಳ್ಳುತ್ತಿತ್ತು. ರಮಾ ಚರ್ಚಿನ ಮೆಟ್ಟಿಲ ಮೇಲೆ ಕೂತು, "ನನ್ನ ಕೈಲಾಗಲ್ಲ, ನೀವು ನೋಡ್ಕೊಂಡು ಬನ್ನಿ," ಎಂದರು.

ಚೌಕದ ಅಂಚಿನಲ್ಲಿ ಅಚ್ಯುತ ನಿಂತ.

"ಹಂಸಾ, ವಾಪಸ್ ಹೋದ್ಮೇಲೆ ಸಿಗ್ತೀರಾ? ಸುಮ್ಮನೆ ಒಂದು ಕಾಫಿಗೆ."

ಅವಳ ಮನಸ್ಸು ಹೂಂ ಎಂದಿತು. ಅದಕ್ಕೇ ಅವಳಿಗೆ ಭಯವಾಯಿತು. ಈ ಮನುಷ್ಯನೂ ಒಂದು ದಿನ ಬಾಗಿಲು ದಾಟಿ ಹೊರಡುತ್ತಾನೆ. ತಾನು ಕಾಯುತ್ತ ಕೂರಬೇಕು...

"ಬೇಡ. ನನ್ನ ಹತ್ತಿರ ಬಂದೋರಿಗೆ ಒಳ್ಳೇದಾಗಲ್ಲ."

"ಬೇಡ ಅನ್ನೋಕೆ ಅಷ್ಟು ದೊಡ್ಡ ಮಾತು ಬೇಕಿರಲಿಲ್ಲ," ಎಂದ ಅವನು. ದನಿಯಲ್ಲಿ ಸಿಟ್ಟಿರಲಿಲ್ಲ, ಸುಸ್ತಿತ್ತು. "ಬೇಡ ಅಂದಿದ್ರೆ ಸಾಕಿತ್ತು."

ಅವನು ತಿರುಗಿ ಇಳಿಜಾರಿನಲ್ಲಿ ನಡೆದ. ತಲೆ ತಗ್ಗಿಸಿಕೊಂಡು, ಎಲ್ಲಿಗೆ ಹೋಗುತ್ತಿದ್ದೇನೆ ಎಂದೂ ನೋಡದೆ.

ಆಗ ಹಂಸಾಗೆ ಟೇಪು ಕಾಣಿಸಿತು. ಗಾಳಿಗೆ ಕಿತ್ತುಬಂದು ಗೋಡೆಯ ಮೂಲೆಯಲ್ಲಿ ಮುದುಡಿ ಬಿದ್ದಿತ್ತು. ಅವನು ಇಳಿಯುತ್ತಿದ್ದದ್ದು ಕೆಳಗಿನ ಓಣಿಗೆ.

ಸುತ್ತಿ ಓಡಿ ಅವನ ಎದುರಿಗೆ ಹೋಗಿ ನಿಲ್ಲಬೇಕು... ಅವಳು ಬಲಕ್ಕೆ ಓಡಿದಳು, ಗೋಡೆ. ಎಡಕ್ಕೆ ಓಡಿದಳು, ಪ್ರಪಾತ. ಆ ಓಣಿಗೆ ಇದ್ದದ್ದು ಒಂದೇ ದಾರಿ, ಅವನ ಬೆನ್ನ ಹಿಂದಿನದು.

"ಹಂಸಾ, ಕರಿಯೇ ಅವನನ್ನ!" ಮೆಟ್ಟಿಲಿಂದ ರಮಾ ಎದ್ದು ನಿಂತಿದ್ದರು. ಅವರ ದನಿ ಗಾಳಿಯಲ್ಲಿ ಇವಳ ತನಕ ಬಂದದ್ದೇ ಹೆಚ್ಚು.

"ಹಿಂದಿನಿಂದ... ಅತ್ತೆ, ನನ್ನ ಕೈಲಿ..."

"ನಾನು ಹೇಳ್ತಿದ್ದೀನಿ. ಕರೀ ಮಗಳೇ!"

"ಅಚ್ಯುತ!"

ಅವಳ ದನಿ ಖಾಲಿ ಮನೆಗಳಿಗೆಲ್ಲ ಬಡಿದು ವಾಪಸು ಬಂತು. ಅವನು ನಿಂತ. ತಿರುಗಿದ. ಕಾಲಡಿಯ ಬಿರುಕುಗಳನ್ನು ಆಗಷ್ಟೇ ನೋಡಿದವನಂತೆ, ಗೋಡೆ ಹಿಡಿದುಕೊಂಡು ಒಂದೊಂದೇ ಹೆಜ್ಜೆ ಇಟ್ಟು ಮೇಲೆ ಬಂದ.

ಗೋಡೆ ಬೀಳಲಿಲ್ಲ, ನೆಲ ಕುಸಿಯಲಿಲ್ಲ. ಡೊನಾಟೆಲ್ಲಾ ಬಂದು ಚೆನ್ನಾಗಿ ಬೈದಳು, ಅಷ್ಟೇ. ಹಂಸಾಗೆ ಸಮಾಧಾನವಾಗುವ ಬದಲು ಭಯ ಹೆಚ್ಚಾಯಿತು. 'ಕರೆದುಬಿಟ್ಟೆ... ಅವತ್ತೂ ಹೀಗೇ. ಕರೆದಾಗ ಏನೂ ಆಗಿರಲಿಲ್ಲ. ನಗ್ತಾ ವಾಪಸ್ ಬಂದಿದ್ದ.'

ವ್ಯಾನು ಗುಡ್ಡ ಇಳಿಯುವಾಗ ಅವಳು ಮುಂದಿನ ಸೀಟಿನವನ ತಲೆಯನ್ನೇ ನೋಡುತ್ತ ಕೂತಿದ್ದಳು. ಕಣ್ಣು ತೆಗೆದರೆ ಅವನಿಗೆ ಏನಾದರೂ ಆಗಿಬಿಡುತ್ತದೆ ಎನ್ನುವಂತೆ.

ರಮಾ ಅವಳ ಕೈ ಹಿಡಿದರು.

"ಆಸ್ಪತ್ರೇಲಿ ಅವತ್ತು ನಾನೊಂದು ಮಾತಂದೆ. ಹೆತ್ತ ಹೊಟ್ಟೆ ಉರೀತಿತ್ತು, ಯಾರನ್ನಾದ್ರೂ ದೂರಬೇಕಿತ್ತು, ಎದುರಿಗೆ ನೀನಿದ್ದೆ." ಅವರ ದನಿ ಒಡೆಯಿತು. "ನೀನು ಜನರ ಮುಂದೆ ಹೋಗಿ ನಿಲ್ಲೋಕೆ ಓಡೋದನ್ನ ಮೂರು ವರ್ಷದಿಂದ ನೋಡ್ತಿದ್ದೀನಿ. ಯಾಕೆ ಅಂತ ನನಗೆ ಗೊತ್ತಿತ್ತು. ಬಾಯಿಬಿಡೋ ಧೈರ್ಯ ಬರಲಿಲ್ಲ."

"ಕರೀದೆ ಇದ್ದಿದ್ರೆ ಅವನು ಆ ತಿರುವು ದಾಟಿರ್ತಿದ್ದ, ಅತ್ತೆ."

"ನೀರಿಲ್ದೆ ಹೋಗಿದ್ರೆ ಬಾಯಾರಿ ಅದೇ ತಿರುವಲ್ಲೇ ನಿಂತಿರ್ತಿದ್ದನೇನೋ. ಆ ಲೆಕ್ಕ ಯಾರು ಮಾಡ್ತಾರೆ? ನನ್ನ ಮಗ ಬಿಸಿಲಲ್ಲಿ ಹೊರಟಿದ್ದ, ನೀನು ನೀರು ಕೊಟ್ಟೆ. ನಡೆದಿದ್ದು ಅಷ್ಟೇ."

ಹಂಸಾ ಅತ್ತೆಯ ತೊಡೆಯ ಮೇಲೆ ತಲೆಯಿಟ್ಟು ಅತ್ತಳು. ಮುಂದಿನ ಸೀಟಿನಲ್ಲಿ ಅಚ್ಯುತ ಅಲ್ಲಾಡದೆ ಕೂತಿದ್ದ. ಎಲ್ಲವೂ ಅವನಿಗೆ ಕೇಳಿಸಿತ್ತು.

ವ್ಯಾನಿನಿಂದ ಇಳಿಯುವಾಗ ಅವನು ಅವಳ ಎದುರಿಗೆ ಬಂದು ನಿಂತ. ಬೇಕೆಂದೇ ಎದುರಿಗೆ.

"ಕಾಫಿ ಬೇಡ. ದಿನಾ ಮೆಸೇಜು ಮಾಡ್ತೀನಿ. ತಲುಪಿದೆ ಅಂತ. ಪರವಾಗಿಲ್ವಾ?"

ಅವಳು ತಲೆಯಾಡಿಸಿದಳು.

ಬೇ ಏರಿಯಾಗೆ ವಾಪಸಾದ ಮೇಲೆ ಅವನು ಮಾತು ತಪ್ಪಲಿಲ್ಲ. ಬೆಳಿಗ್ಗೆ 'ಆಫೀಸು ತಲುಪಿದೆ', ಸಂಜೆ 'ಮನೆ ತಲುಪಿದೆ'. ಅಷ್ಟೇ, ಒಂದಕ್ಷರ ಹೆಚ್ಚಿಲ್ಲ. ಹಂಸಾ ಮೀಟಿಂಗಿನ ನಡುವೆ ಮೇಜಿನ ಕೆಳಗೆ ಫೋನು ನೋಡಿ ಉಸಿರು ಬಿಡುವುದನ್ನು ಕಲಿತಳು. ಬೇಸಿಗೆ ಕಳೆಯಿತು. ಭಯ ಪೂರ್ತಿ ಹೋಗಲಿಲ್ಲ, ಆದರೆ ಅವಳು ಆ ಮೆಸೇಜಿಗೆ ಕಾಯುವುದು ಭಯಕ್ಕೊಂದೇ ಆಗಿರಲಿಲ್ಲ.

ಚಳಿಗಾಲದ ಒಂದು ಸಂಜೆ ಮೆಸೇಜು ಬರಲಿಲ್ಲ.

ಹೊರಗೆ ಮಳೆ ಹುಯ್ಯುತ್ತಿತ್ತು. ಫ್ರೀವೇಯಲ್ಲಿ ನಾಲ್ಕೈದು ಕಾರು ಡಿಕ್ಕಿ ಎಂದು ಫೋನಿನ ಮ್ಯಾಪು ಕೆಂಪಗೆ ತೋರಿಸುತ್ತಿತ್ತು. ಅವಳು ಕಾಲ್ ಮಾಡಿದಳು. ರಿಂಗೇ ಆಗಲಿಲ್ಲ. ಮತ್ತೆ ಮಾಡಿದಳು.

"ಅತ್ತೆ... ನಾನು ಕರೆದಿದ್ದೆ. ಆ ಊರಲ್ಲಿ ಕರೆದಿದ್ದೆ."

ರಮಾ ದೇವರ ಮುಂದೆ ಕೂತವರು ಏಳಲೇ ಇಲ್ಲ. ಅವರ ತುಟಿಯೂ ಬಿಳಿಚಿತ್ತು.

ಬಾಗಿಲ ಬೆಲ್ಲು ಬಾರಿಸಿತು. ಅವತ್ತೂ ಹೀಗೇ ಬೆಲ್ಲು ಬಾರಿಸಿತ್ತು, ತೆರೆದರೆ ಇಬ್ಬರು ಪೊಲೀಸರು ನಿಂತಿದ್ದರು. ಹಂಸಾ ಗೋಡೆ ಹಿಡಿದುಕೊಂಡೇ ಹೋಗಿ ಬಾಗಿಲು ತೆರೆದಳು.

ತೊಯ್ದು ತೊಪ್ಪೆಯಾಗಿ ನಿಂತಿದ್ದ ಅಚ್ಯುತ.

"ಫೋನು ಸತ್ತುಹೋಯ್ತು. ಟ್ರಾಫಿಕ್ಕಲ್ಲಿ ಸಿಕ್ಕಾಕೊಂಡಿದ್ದೆ. ಮನೆಗೆ ಹೋಗಿ ಚಾರ್ಜ್ ಮಾಡೋ ತನಕ ನೀವು ಕಾಯ್ತೀರಲ್ಲ ಅಂತ... ಆಂಟಿ ಕೊಟ್ಟಿದ್ದ ಅಡ್ರೆಸ್ಸು ನೆನಪಿತ್ತು, ಇಲ್ಲಿಗೇ ಬಂದೆ. ತಲುಪಿದೆ."

"ಕಾರಿಗೇ ಬ್ಯಾಟರಿ ಮಾಡೋನು, ಫೋನಿಗೆ ಚಾರ್ಜ್ ಇಟ್ಕೊಳ್ಳೋಕಾಗಲ್ವೇನೋ!" ಎಂದು ರಮಾ ಒಳಗಿಂದ ಗದರಿದರು. ಅವರ ದನಿಯಲ್ಲಿ ಅಳುವಿತ್ತು.

ಹಂಸಾ ಟವೆಲು ತಂದುಕೊಟ್ಟಳು. ಬಿಸಿ ಸಾರು ಅನ್ನ ಬಡಿಸಿದಳು. ಅವನು ಉಣ್ಣುವುದನ್ನೇ ನೋಡುತ್ತ ಎದುರಿಗೆ ಕೂತಳು.

ಮಳೆ ನಿಂತ ಮೇಲೆ ಅವನು ಎದ್ದ. "ಬರ್ತೀನಿ ಆಂಟಿ. ಬರ್ತೀನಿ ಹಂಸಾ."

ಬಾಗಿಲು ದಾಟಿ, ಮೆಟ್ಟಿಲಿಳಿದು, ಒದ್ದೆ ದಾರಿಯಲ್ಲಿ ನಡೆದ. ತುಂಬ ನಿಧಾನವಾಗಿ ನಡೆದ.

ಹಂಸಾ ಪಕ್ಕಕ್ಕೆ ನೋಡಿದಳು. ಚಪ್ಪಲಿ ಸ್ಟ್ಯಾಂಡಿನ ಮೇಲೆ ಅವನ ಕಾರಿನ ಕೀ ಇತ್ತು.

ಗರಾಜಿನ ಬಾಗಿಲಿಂದ ಸುತ್ತಿ ಓಡಿದರೆ ಎದುರಿಗೆ ಹೋಗಬಹುದಿತ್ತು. ಅವಳ ಕಾಲು ಆ ಕಡೆಗೆ ತಿರುಗಿಯೂ ಇತ್ತು. ಅವಳು ಅದನ್ನು ವಾಪಸು ತಂದು ಹೊಸ್ತಿಲ ಮೇಲೆ ಊರಿದಳು.

"ಅಚ್ಯುತ... ನಿಲ್ಲಿ."

ಅವನು ನಿಂತ, ತಿರುಗಲಿಲ್ಲ.

"ಕೀ ಬಿಟ್ಟು ಹೋಗ್ತಿದ್ದೀರಿ."

"ಗೊತ್ತು."

"ಗೊತ್ತಿದ್ದೂ ಯಾಕೆ ಬಿಟ್ರಿ?"

"ನೀವು ಕರೀಲಿ ಅಂತ."

ಅವಳ ಕಣ್ಣು ತುಂಬಿತು. "ಏನಾದ್ರೂ ಆದ್ರೆ?"

"ಆಗಬಹುದು. ನೀವು ಕರೀದೇ ಇದ್ರೂ ಆಗಬಹುದು." ಅವನು ಈಗ ತಿರುಗಿದ. "ಆದ್ರೆ ಕರೆದ್ರೆ ವಾಪಸ್ ಬರ್ತೀನಿ. ಅದನ್ನ ಮಾತ್ರ ನಾನು ಹೇಳಬಲ್ಲೆ."

ಹಂಸಾ ಕೀಯನ್ನು ಮುಷ್ಟಿಯಲ್ಲಿ ಬಿಗಿಯಾಗಿ ಹಿಡಿದುಕೊಂಡಳು. ಅದನ್ನು ಕೊಡಲು ಮೆಟ್ಟಿಲು ಇಳಿಯಲಿಲ್ಲ.

"ಹಾಗಾದ್ರೆ ಬನ್ನಿ," ಎಂದಳು. "ಕರೀತಿದ್ದೀನಿ."