ನಿಂಬೆಗಿಡ ಕಡಿದವರು

ನಿಂಬೆಗಿಡಗಳು ಸಾಲಾಗಿ ನೆಲಕ್ಕೊರಗಿದ್ದವು. ಪಕ್ಕದಲ್ಲೊಂದು ಕೊಡಲಿ. ಕೊಡಲಿ ಅಣ್ಣನದು.

"ನೋಡಿ ಮೇಡಂ, ಇವರದೇ ಕೆಲಸ!" ತಂಗಿ ಎದೆ ಬಡಿದುಕೊಂಡಳು. "ಇಬ್ರೂ ಏನೂ ಮುಟ್ಟಬಾರ್ದು ಅಂತ ಕೋರ್ಟಿನ ತಡೆಯಾಜ್ಞೆ ಇದ್ರೂ ಕಡಿದು ಹಾಕಿದಾರೆ!"

ಮೇಡಂ ಎಂದರೆ ಕೋರ್ಟ್ ಕಮಿಷನರ್. ಅಪ್ಪ ಬಿಟ್ಟುಹೋದ ಈ ಜಮೀನು ಯಾರ ಸ್ವಾಧೀನದಲ್ಲಿದೆ ಎಂದು ಕಣ್ಣಾರೆ ನೋಡಿ ವರದಿ ಕೊಡಲು ಬಂದ ವಕೀಲೆ. ಕಡಿದವನು ಅಣ್ಣನೇ ಎಂದಾದರೆ ಅವನಿಗೆ ಜೈಲಾಗಬಹುದು, ಕೇಸು ತಂಗಿಯ ಕಡೆ ವಾಲಬಹುದು.

ಅಣ್ಣನಿಗೆ ಭಯವಾಗಬೇಕಿತ್ತು. ಆಗಲಿಲ್ಲ. ಗೆದ್ದವನು ಸೋತ, ಸೋತವನು ಸತ್ತ ಅನ್ನುತ್ತಾರೆ. ಇವನು ತೀರ್ಪಿಗೆ ಮುಂಚೆಯೇ ಅರ್ಧ ಸತ್ತಿದ್ದ. ವಾಯಿದೆಗೆ ಅಲೆದೂ ಅಲೆದೂ ಮನಸ್ಸು ಮರಗಟ್ಟಿತ್ತು.

"ಕೊಡಲಿ ನಿಮ್ಮದಾ?"

"ನಂದೇ. ಹಿತ್ತಲಲ್ಲಿ ಬಿದ್ದಿರುತ್ತೆ. ಯಾರು ಬೇಕಾದ್ರೂ ಎತ್ಕೊಂಡು ಹೋಗ್ಬಹುದು."

"ಕಡಿದಿದ್ದು ನೀವಾ?"

"ಅಲ್ಲ."

"ಕಳ್ಳ ಯಾವತ್ತಾದ್ರೂ ಒಪ್ಕೊಳ್ತಾನಾ?" ಎಂದಳು ತಂಗಿ.

ಬೇಲಿಯಾಚೆ ಪಕ್ಕದ ತೋಟದವನು ಬಿಟ್ಟಿ ನಾಟಕ ನೋಡುತ್ತ ನಿಂತಿದ್ದ. ಕಮಿಷನರ್ ಅವನತ್ತ ತಿರುಗಿದರು.

"ಈ ಗಿಡಗಳನ್ನ ಕಂಡ್ರೆ ನಿಮಗೂ ಆಗ್ತಿರಲಿಲ್ವಂತೆ?"

"ಮುಳ್ಳುಕೊಂಬೆ ಬೇಲಿ ದಾಟ್ತಿತ್ತು. ದಾಟಿದ್ದನ್ನ ಕಡಿದು ಬಿಸಾಕ್ತಿದ್ದೆ. ಅದಕ್ಕೆ ಇಡೀ ಗಿಡ ಉರುಳಿಸಿ ಕೇಸನ್ನ ಮೈಮೇಲೆ ಎಳ್ಕೊಳ್ಳೋಕೆ ನನಗೇನು ಹುಚ್ಚಾ?"

"ಕಡಿದ ಜಾಗಕ್ಕೆ ಏನಾದ್ರೂ ಹಚ್ತಿದ್ರಾ?"

"ಹಚ್ಚೋದಾ? ಯಾಕೆ?"

ಎಲ್ಲರೂ ಬಿದ್ದ ಗಿಡಗಳನ್ನು ನೋಡುತ್ತಿದ್ದರು. ಕಮಿಷನರ್ ಕುಕ್ಕರಗಾಲಲ್ಲಿ ಕೂತು, ನೆಲದಲ್ಲಿ ಉಳಿದ ಬುಡಗಳನ್ನು ಮುಟ್ಟಿ ನೋಡಿದರು.

"ಬೆಳಿಗ್ಗೆ ಕಂಡ ಮೇಲೆ ನೀವು ಇವನ್ನ ಮುಟ್ಟಿದ್ರಾ?"

"ಬೆರಳೂ ತಾಗಿಸಿಲ್ಲ," ಎಂದಳು ತಂಗಿ. "ನೇರ ನಿಮಗೇ ಫೋನ್ ಮಾಡಿದೆ."

"ಬುಡಕ್ಕೆಲ್ಲ ಜೇಡಿಮಣ್ಣು ಮೆತ್ತಿದೆ. ಯಾಕಿರಬಹುದು?"

"ಮೆತ್ತದಿದ್ರೆ ಒಣಗಿ ಹೋಗುತ್ತಲ್ಲ. ಮೆತ್ತಿದ್ರೆ ಮತ್ತೆ ಚಿಗುರುತ್ತೆ. ಅಪ್ಪ ನಂಗೆ—"



"ಹಾಳು ಮಾಡೋಕೆ ಬಂದವರು, ಮತ್ತೆ ಚಿಗುರಲಿ ಅಂತ ಮಣ್ಣು ಮೆತ್ತಿ ಹೋಗ್ತಾರಾ?" ಕಮಿಷನರ್ ಎದ್ದುನಿಂತರು. "ಪಕ್ಕದವರಿಗೆ ಅದು ಗೊತ್ತೇ ಇಲ್ಲ. ನಿಮ್ಮಣ್ಣ ಹಾಸ್ಟೆಲಲ್ಲಿ ಬೆಳೆದವರು, ತೋಟದ ಕೆಲಸದ ಗಂಧಗಾಳಿ ಇಲ್ಲ ಅಂತ ಕೋರ್ಟಲ್ಲಿ ನೀವೇ ಹೇಳಿದೀರಿ. ಕಡಿದಿದ್ದು ನೀವೇ. ಆದ್ರೆ ಸಾಯಿಸೋಕೆ ಮನಸ್ಸು ಬರಲಿಲ್ಲ."

ತಂಗಿ ಒಂದು ಬುಡದ ಪಕ್ಕ ಕೂತಳು. "ಅಪ್ಪನ ಜೊತೆ ನೆಟ್ಟಿದ್ದು," ಎಂದಳು. ಆಮೇಲೆ ತಲೆಯೆತ್ತಿ, "ಅಣ್ಣಾ, ಬರೀಬೇಡಿ ಅಂತ ಮೇಡಂಗೆ ಹೇಳೋ..."

ಕೇಸು ಹೂಡಿದಂದಿನಿಂದ ಅವಳ ಬಾಯಲ್ಲಿ ಅವನು ಬರೀ ಪ್ರತಿವಾದಿಯಾಗಿದ್ದ. ಇವತ್ತು ಅಣ್ಣನಾದ.

"ಕಂಡಿದ್ದನ್ನ ನಾನು ಬರೀಲೇಬೇಕು," ಎಂದ ಕಮಿಷನರ್ ಅಣ್ಣನತ್ತ ತಿರುಗಿದರು. "ಇವರ ಮೇಲೆ ಕ್ರಮ ಆಗಲಿ ಅಂತ ನೀವು ಕೇಳ್ತೀರಾ?"

"ಕೇಳ್ತೀನಿ," ಎಂದ ಅಣ್ಣ.

ದನಿ ನಡುಗೀತು ಎಂದುಕೊಂಡಿದ್ದ. ನಡುಗಲಿಲ್ಲ.