ಹನ್ನೊಂದು ಗಂಟೆಯ ಸಲಾಡ್

"ಅಮ್ಮಾ, ಅನ್ನ ಹಾಕೋ ಕೈಯಲ್ಲಿ ವಿಷ ಹಾಕುವವಳ ಥರ ಕಾಣ್ತೀನಾ ನಾನು?"

ಬುಧವಾರ ಬೆಳಿಗ್ಗೆ ಮಹಿಳಾ ವಸತಿಗೃಹದ ಏಳನೇ ಕೋಣೆಯ ಬಾಗಿಲಲ್ಲಿ ಅಡುಗೆಯಾಕೆ ನಿಂತಿದ್ದಳು. ಆ ಕೋಣೆ ಬೀಜದಮ್ಮನವರದು. ಬೀಜ ಪರೀಕ್ಷಾಲಯದಲ್ಲಿ ಮೂವತ್ತು ವರ್ಷ ದುಡಿದು ನಿವೃತ್ತರಾದವರು. ಕಳೆದುಹೋದ ಚಪ್ಪಲಿಯಿಂದ ಹಿಡಿದು ಮುರಿದುಬಿದ್ದ ಮದುವೆಯವರೆಗೆ ವಸತಿಗೃಹದ ಸಕಲ ಗುಟ್ಟುಗಳೂ ಅವರ ಮುಂದೆ ಬಿಚ್ಚಿಕೊಳ್ಳುತ್ತಿದ್ದವು. ಅದೇ ಕೋಣೆಯಲ್ಲಿದ್ದ ಟೈಪಿಸ್ಟ್ ಮಾತ್ರ ತಲೆ ಎತ್ತಲಿಲ್ಲ. ಅಡುಗೆಯಾಕೆಯನ್ನು ಕೆಲಸದಿಂದ ತೆಗೆಯುವ ಪತ್ರವನ್ನು ವಾರ್ಡನ್ ಟೈಪಿಸಲು ಕೊಟ್ಟದ್ದು ಅವಳಿಗೇ. ಶನಿವಾರ ವಸತಿಗೃಹದ ಕಾರ್ಯದರ್ಶಿಗಳ ಸಹಿ, ಆಮೇಲೆ ಪೊಲೀಸು.

ಮಂಗಳವಾರ ಮಧ್ಯಾಹ್ನ ತಣ್ಣನೆಯ ರಾಜ್ಮಾ ಸಲಾಡ್ ತಿಂದ ಹನ್ನೆರಡು ಮಂದಿ ಸಂಜೆಯೊಳಗೆ ವಾಂತಿ ಮಾಡಿ ಸುಸ್ತಾಗಿದ್ದರು. ಟೈಪಿಸ್ಟ್ ಅವರಲ್ಲೊಬ್ಬಳು. ವಾರ್ಡನ್ ಕೂಡ.

"ಹೇಗೆ ಮಾಡಿದೆ? ಒಂದೂ ಬಿಡದೆ ಹೇಳು," ಎಂದರು ಬೀಜದಮ್ಮ.

"ಹಿಂದಿನ ರಾತ್ರಿ ಎರಡು ಪಾತ್ರೆ ಕಾಳು ನೆನೆಹಾಕಿದ್ದೆ. ಒಂದು ಮರುದಿನಕ್ಕೆ ಅಂತ ನೀರು ಬಸಿದು ಫ್ರಿಜ್ಜಲ್ಲಿಟ್ಟೆ. ಇನ್ನೊಂದನ್ನ ಹಿಚುಕಿದ್ರೆ ಹಿಟ್ಟಾಗೋ ಹಾಗೆ ಬೇಯಿಸಿ, ಆರಿಸಿ, ಸೌತೆಕಾಯಿ, ಟೊಮೇಟೊ, ಎಳೇ ಜೋಳ ಸೇರಿಸಿದೆ. ನಿಂಬೆರಸ, ಎಣ್ಣೆ ಕಲಸಿ ಹತ್ತಕ್ಕೆ ಫ್ರಿಜ್ಜಿಗಿಟ್ಟು ಮಾರ್ಕೆಟ್ಟಿಗೆ ಹೋದೆ. ಒಂದಕ್ಕೆ ಬಡಿಸಿದೆ."

"ಕೆಲವು ಕಾಳು ಹಲ್ಲಿಗೆ ಕಟುಂ ಅಂದವು," ಟೈಪಿಸ್ಟ್ ಮೆಲ್ಲಗೆ ಹೇಳಿದಳು. "ಫ್ರಿಜ್ಜಿನದಲ್ವಾ, ಅದಕ್ಕೇ ಗಟ್ಟಿ ಅಂದ್ಕೊಂಡೆ."

ವಾರ್ಡನ್ ಸಾಕ್ಷಿಗೆಂದು ಎತ್ತಿಟ್ಟಿದ್ದ ಸಲಾಡಿನಿಂದ ಬೀಜದಮ್ಮ ಇಪ್ಪತ್ತು ಕಾಳು ಆರಿಸಿ ತಂದರು. ತೊಳೆದು, ಒದ್ದೆ ಬಟ್ಟೆಯಲ್ಲಿ ಸುತ್ತಿ ಕಿಟಕಿಯಲ್ಲಿಟ್ಟರು.

"ಕಾಳಿಗೆ ಬಾಣಂತನ ಮಾಡ್ತಿದ್ದೀರಾ?" ಎಂದು ಟೈಪಿಸ್ಟ್ ಕೇಳಿದರೆ ಅವರು ನಗಲಿಲ್ಲ.

ವಸತಿಗೃಹದಲ್ಲಿ ಯಾರೂ ನಗುತ್ತಿರಲಿಲ್ಲ. ಒಬ್ಬರು ಬಡಿಸಿದ್ದನ್ನು ಇನ್ನೊಬ್ಬರು ಮೂಸಿ ನೋಡುತ್ತಿದ್ದರು. ನೀರಿನ ಬಾಟಲಿಗೂ ಬೀಗ ಬೀಳುವುದೊಂದು ಬಾಕಿ. ಟೈಪಿಸ್ಟ್‌ಗೆ ಅನುಮಾನ ಅಡುಗೆಮನೆಯಲ್ಲಿ ತರಕಾರಿ ಹೆಚ್ಚುವವಳ ಮೇಲೆ. ಸೋಮವಾರ ತಾನೇ ಅಡುಗೆಯಾಕೆಯೊಡನೆ ಜುಟ್ಟು ಹಿಡಿದು ಜಗಳವಾಡಿದ್ದವಳು, ಮಂಗಳವಾರ ಸಲಾಡ್ ಮುಟ್ಟಿರಲಿಲ್ಲ.

"ಹಲ್ಲುನೋವು ತಾಯೀ! ನೋಡ್ತೀರಾ?" ಎಂದು ಅವಳು ಬಾಯಿ ತೆರೆದೇಬಿಟ್ಟಳು. ದವಡೆ ಊದಿಕೊಂಡಿತ್ತು.

ಸಂಜೆ ಬೀಜದಮ್ಮ ಹಿತ್ತಿಲ ಕೋಣೆಗೆ ಹೋದರು. ಅಲ್ಲಿ ವಾರ್ಡನ್ನಿನ ತಂದೆ ಇದ್ದರು.

"ಅಜ್ಜ, ನಿನ್ನೆ ನೀವೂ ಸಲಾಡ್ ತಿಂದ್ರಾ?"

"ತಿಂದೆನಮ್ಮ. ಹನ್ನೊಂದಕ್ಕೇ ನನ್ನ ಊಟದ ಡಬ್ಬಿ ಬರುತ್ತೆ. ಕಾಳು ಬೆಣ್ಣೆ ಬೆಣ್ಣೆ! ಈ ಬೋಳು ಬಾಯಿಗೂ ಸಲೀಸಾಗಿ ಇಳೀತು. ಹೊಟ್ಟೆಗೇನೂ ಆಗ್ಲಿಲ್ಲ, ಕಲ್ಲು ಕರಗಿಸೋ ಹೊಟ್ಟೆ ನಂದು."

ಶನಿವಾರ ಊಟದ ಮನೆಯಲ್ಲಿ ಎಲ್ಲರೂ ಸೇರಿದರು. ಕಾರ್ಯದರ್ಶಿಗಳ ಮುಂದೆ ಪತ್ರವಿತ್ತು. ಬೀಜದಮ್ಮ ಅದರ ಪಕ್ಕದಲ್ಲೇ ಒದ್ದೆ ಬಟ್ಟೆ ಬಿಚ್ಚಿದರು. ಹದಿನಾಲ್ಕು ಕಾಳು ಕೊಳೆತು ಮುದ್ದೆಯಾಗಿದ್ದವು. ಆರರಲ್ಲಿ ಬಿಳಿ ಮೊಳಕೆ.

"ಬೆಂದ ಕಾಳು ಯಾವತ್ತೂ ಮೊಳೆಯಲ್ಲ. ಈ ಆರು ಹಸಿ. ಹಸಿ ರಾಜ್ಮಾ ಹೊಟ್ಟೆಗೆ ವಿಷವೇ. ಚೆನ್ನಾಗಿ ಕುದಿಸಿದ್ರೆ ಮಾತ್ರ ಹೋಗುತ್ತೆ."

"ಹಾಗಾದ್ರೆ ಇವಳು ಅರೆಬರೆ ಬೇಯಿಸಿದ್ದಾಳೆ!" ಎಂದರು ವಾರ್ಡನ್.

"ಅರೆಬರೆ ಬೆಂದಿದ್ರೆ ಒಂದೂ ಮೊಳೀತಿರಲಿಲ್ಲ. ಇಲ್ಲಿ ಎರಡು ಪಾತ್ರೆಯ ಕಾಳು ಬೆರೆತಿವೆ. ಯಾವಾಗ? ಹನ್ನೊಂದಕ್ಕೆ ಹಲ್ಲಿಲ್ಲದವರು ಬೆಣ್ಣೆ ಅಂದ್ರು. ಒಂದಕ್ಕೆ ಹಲ್ಲಿದ್ದವರು ಕಟುಂ ಅಂದ್ರು. ನಡುವೆ ಅಡುಗೆಯಾಕೆ ಮಾರ್ಕೆಟ್ಟಲ್ಲಿದ್ದಳು. ತರಕಾರಿ ಹೆಚ್ಚುವವಳಿಗೆ ಹಸಿ ಯಾವುದು ಬೆಂದದ್ದು ಯಾವುದು ಅಂತ ಕೈಗೇ ಗೊತ್ತಾಗುತ್ತೆ. ನೆನೆದು ಉಬ್ಬಿದ ಕಾಳನ್ನ ಬೆಂದದ್ದು ಅಂದ್ಕೊಳ್ಳೋದು ಒಲೆ ಮುಂದೆ ನಿಲ್ಲದವರು. ಅಜ್ಜನ ಡಬ್ಬಿ ತುಂಬಿದವರು ಯಾರು, ಮೇಡಂ?"

"ವಾರ್ಡನ್ನೂ ತಿಂದು ಮಲಗಿದ್ರಲ್ಲಾ!" ಎಂದರು ಕಾರ್ಯದರ್ಶಿ.

"ಗೊತ್ತಿಲ್ಲದ್ದಕ್ಕೇ ತಿಂದ್ರು. ಅಜ್ಜನಿಗೆ ತೆಗೆದ ಮೇಲೆ ಸಲಾಡ್ ಕಡಿಮೆ ಕಾಣಬಾರದು ಅಂತ ಪಕ್ಕದ ಪಾತ್ರೆಯದು ಸೇರಿಸಿದ್ರು. ಬಿಸಿ ಅಡುಗೆಯಾಗಿದ್ರೆ ಒಲೆ ಮೇಲೆ ಬೆಂದುಹೋಗ್ತಿತ್ತು. ಇದು ತಣ್ಣಗೇ ತಟ್ಟೆಗೆ ಬಂತು."

ವಾರ್ಡನ್ ಮೇಜಿನ ಅಂಚು ಹಿಡಿದುಕೊಂಡರು. "ಹೊರಗಿನವರಿಗೆ ಇಲ್ಲಿನ ಊಟ ಕೊಡಬಾರದು ಅಂತ ನಿಯಮ. ಗೊತ್ತಾದ್ರೆ ಅಪ್ಪನ ಕೋಣೆಯೂ ಹೋಗುತ್ತೆ. ಕಾಳು ಹಲ್ಲಿಗೆ ಸಿಕ್ಕಾಗಲೇ ನನಗೆ ಅನುಮಾನ ಬಂತು..."

"ಮಂಗಳವಾರ ಆದದ್ದು ತಪ್ಪು," ಎಂದರು ಬೀಜದಮ್ಮ. "ಬುಧವಾರ ಪತ್ರ ಬರೆಸಿದ್ದು ತಪ್ಪಲ್ಲ, ಮೇಡಂ. ಅದಕ್ಕೆ ಬೇರೆ ಹೆಸರಿದೆ."

ಟೈಪಿಸ್ಟ್ ಪತ್ರವನ್ನು ಎಳೆದುಕೊಂಡು ನಾಲ್ಕು ಚೂರು ಮಾಡಿದಳು. ಕಾರ್ಯದರ್ಶಿಗಳು ತಡೆಯಲಿಲ್ಲ. "ಇವರನ್ನೇನು ಮಾಡೋಣ, ನೀನೇ ಹೇಳಮ್ಮ," ಎಂದು ಅಡುಗೆಯಾಕೆಯನ್ನು ಕೇಳಿದರು.

"ಅಜ್ಜನ್ನ ಬೀದಿಗೆ ಹಾಕೋದು ಬೇಡ, ಸಾರ್. ಆದ್ರೆ ಇವರು ಕೋಣೆ ಕೋಣೆಯಲ್ಲೂ ನನ್ನ ಹೆಸರು ಕೆಡಿಸಿಟ್ಟಿದ್ದಾರೆ. ಒಂದೊಂದು ಬಾಗಿಲಿಗೂ ಹೋಗಿ ತಪ್ಪು ತಮ್ಮದು ಅಂತ ಹೇಳ್ಲಿ."

ವಾರ್ಡನ್ ಎದ್ದರು. ಅಡುಗೆಯಾಕೆ ಸೆರಗು ಸಿಕ್ಕಿಸಿಕೊಂಡು ಹಿಂದೆಯೇ ನಡೆದಳು. ಮೊದಲನೇ ಕೋಣೆಯ ಬಾಗಿಲು ತಟ್ಟಿದ ವಾರ್ಡನ್ ಏನೋ ಗೊಣಗಿದರು.

"ಜೋರಾಗಿ, ಮೇಡಂ," ಎಂದಳು ಅಡುಗೆಯಾಕೆ. "ಒಳಗಿರೋರಿಗೆ ಕೇಳಿಸ್ಲಿ."