ಎಡಕ್ಕಿರಬೇಕಾದ ಚಂದ್ರ

"ನಿಮಗೆ ಎಡ ಬಲ ಗೊತ್ತಾಗಲ್ವಾ?"

ಬಾಗಿಲಲ್ಲೇ ನಿಂತು ಅವಳು ಕೇಳಿದಳು. ಮೂಗಿನ ತುದಿಯಲ್ಲಿ ಹಿಟ್ಟು, ಅದಕ್ಕೂ ಮೇಲೆ ಕೋಪ. ಒಂದು ಕೈಯಲ್ಲಿ ಮರದ ಅಚ್ಚು, ಇನ್ನೊಂದರಲ್ಲಿ ಆ ಅಚ್ಚೊತ್ತಿ ಈಗಷ್ಟೇ ಬೇಯಿಸಿದ ಜೋಡಿಚಂದ್ರ.

ಅಚ್ಚುಗಾರ ಉಳಿಯನ್ನು ಕೆಳಗಿಟ್ಟ. ಎದುರು ಬೇಕರಿಯ ಈ ಹುಡುಗಿ ರಸ್ತೆ ದಾಟಿ ತನ್ನ ಅಂಗಡಿಗೆ ಬರಲಿ ಎಂದು ಅವನು ಮೂರು ವರ್ಷದಿಂದ ಕಾಯುತ್ತಿದ್ದದ್ದು ನಿಜ. ಆದರೆ ಹೀಗೆ ಬರಲಿ ಎಂದಲ್ಲ.

"ಕೂತ್ಕೊಳ್ಳಿ."

"ಕೂತ್ಕೊಳ್ಳೋಕೆ ಬಂದಿಲ್ಲ. ಇದರಲ್ಲಿ ಚಿಕ್ಕ ಚಂದ್ರ ಯಾವ ಕಡೆ ಇದೆ?"

"ಬಲಗಡೆ."

"ಆಕಾಶದಲ್ಲಿ?"

"ಬಲ..." ಅವಳ ಹುಬ್ಬು ಮೇಲೇರಿದ್ದನ್ನು ನೋಡಿ ಅವನು ಅಚ್ಚಿಗಾಗಿ ಕೈ ಚಾಚಿದ.

ಆ ಊರಿನ ಆಕಾಶದಲ್ಲಿ ಇಬ್ಬರು ಚಂದ್ರರು. ದೊಡ್ಡವನು ಗಂಭೀರ, ಚಿಕ್ಕವನು ಅಲೆಮಾರಿ. ಒಂದು ವರ್ಷ ಎಡದಿಂದ, ಇನ್ನೊಂದು ವರ್ಷ ಬಲದಿಂದ ಬಂದು ಒಂದೇ ಒಂದು ಸಂಜೆ ದೊಡ್ಡವನ ಭುಜಕ್ಕೆ ಒರಗುತ್ತಾನೆ. ಆ ಸಂಜೆಯೇ ಹಬ್ಬ. ಹಬ್ಬದ ತಿನಿಸೇ ಜೋಡಿಚಂದ್ರ: ಬಟ್ಟೆಗಿಂತ ತೆಳ್ಳಗೆ ಲಟ್ಟಿಸಿದ ಹಿಟ್ಟಿನ ಹನ್ನೆರಡು ಪದರ, ನಡುವೆ ಬೆಣ್ಣೆ, ಅಕ್ರೋಟು, ಮೇಲಿನ ಪದರದಲ್ಲಿ ಇಬ್ಬರು ಚಂದ್ರರ ಅಚ್ಚು. ಆ ಅಚ್ಚನ್ನು ಪ್ರತಿ ವರ್ಷ ಆಕಾಶ ನೋಡಿಯೇ ಹೊಸದಾಗಿ ಕೆತ್ತಬೇಕು.

ಟ್ರೇಯ ಮೊದಲ ಜೋಡಿಚಂದ್ರ ಗಂಟೆಗೋಪುರಕ್ಕೆ. ಅಲ್ಲಿ ಗಂಟೆ ಬಾರಿಸುವ ಅಜ್ಜಿ ಅದನ್ನು ಆಕಾಶಕ್ಕೆ ಹಿಡಿದು ನೋಡುತ್ತಾಳೆ. ಹೊಂದಿದರೆ ಗಂಟೆ, ಹಬ್ಬ. ಹೊಂದದಿದ್ದರೆ ಮುಂದಿನ ವರ್ಷದಿಂದ ಜೋಡಿಚಂದ್ರ ಮಾಡುವ ಕೆಲಸ ಕೆಳಗಿನ ಬೀದಿಯ ಬೇಕರಿಗೆ. ಕೊನೆಯ ಜೋಡಿಚಂದ್ರ ಮಾತ್ರ ಮಾಡಿದವಳ ಪಾಲು. ಅದನ್ನು ಅವಳು ತನಗೆ ಬೇಕಾದವರ ಜೊತೆ ಮುರಿದು ತಿನ್ನಬಹುದು.

"ಮೂವತ್ತು ವರ್ಷ ನನ್ನ ಸೋದರತ್ತೆ ಈ ಕೆಲಸ ಉಳಿಸಿಕೊಂಡು ಬಂದಿದ್ದಾರೆ. ಈ ವರ್ಷ ಲಟ್ಟಣಿಗೆ ನನ್ನ ಕೈಗೆ ಕೊಟ್ರು. ನಾನು ಮೊದಲನೇ ಸಲಕ್ಕೇ ಕಳೀಬೇಕಾ?" ಕೂರುವುದಿಲ್ಲ ಎಂದವಳು ಅವನ ಸ್ಟೂಲಿನ ಮೇಲೆ ಕುಸಿದು ಕೂತಳು.

ಅವನು ಅಚ್ಚನ್ನು ಹಿಂದೆ ಮುಂದೆ ತಿರುಗಿಸಿ ನೋಡಿದ. ಅಚ್ಚಿನಲ್ಲಿ ಎಲ್ಲವನ್ನೂ ಅದಲುಬದಲಾಗಿ ಕೆತ್ತಬೇಕು. ಹಾಗೆಯೇ ಕೆತ್ತಿದ್ದ.

"ಹತ್ತು ದಿನ, ಸಂಜೆ ಸಂಜೆ ನೋಡ್ಕೊಂಡೇ ಕೆತ್ತಿದ್ದು. ಆಣೆ ಮಾಡ್ಲಾ?"

"ಎಲ್ಲಿಂದ ನೋಡಿದ್ರಿ?"

"ಇಲ್ಲಿಂದಲೇ. ನೀವೀಗ ಕೂತಿದ್ದೀರಲ್ಲ, ಅಲ್ಲಿಂದ."

ಅವಳು ತಲೆಯೆತ್ತಿದಳು. ಆ ಸ್ಟೂಲಿನಿಂದ ಚಂದ್ರರು ಕಾಣಲು ಸಾಧ್ಯವೇ ಇರಲಿಲ್ಲ. ಅವರು ಏರುವುದು ಇದೇ ಅಂಗಡಿಯ ಸೂರಿನ ಹಿಂದಿನಿಂದ. ಕಾಣುತ್ತಿದ್ದದ್ದು ಎದುರು ಬೇಕರಿಯ ದೊಡ್ಡ ಕಿಟಕಿ. ಅದರ ಗಾಜಿನಲ್ಲಿ ಮಧ್ಯಾಹ್ನದ ಇಬ್ಬರು ಬಿಳಿಚಿದ ಚಂದ್ರರು, ಚಿಕ್ಕವನು ಬಲಕ್ಕೆ. ಅವರ ಕೆಳಗೆ, ಗಾಜಿನ ಒಳಗೆ, ಅವಳು ದಿನವೂ ನಿಂತು ಹಿಟ್ಟು ಲಟ್ಟಿಸುವ ಮೇಜು.

ಅವನಿಗೂ ಆಗಲೇ ತಿಳಿಯಿತು. ಕಿವಿಗಳು ಕೆಂಪಾದವು.

"ಬಾಗಿಲಾಚೆ ನಾಲ್ಕು ಹೆಜ್ಜೆ ಇಟ್ಟು ಹಿಂದೆ ತಿರುಗಿದ್ರೆ ಸಾಕಿತ್ತು," ಎಂದಳು ಮೆಲ್ಲಗೆ.

"ಹೌದು."

"ತಿರುಗಲಿಲ್ಲ."

"ಇಲ್ಲ."

"ಹತ್ತು ದಿನಾನೂ ಈ ಗಾಜನ್ನೇ ನೋಡ್ತಿದ್ರಾ?"

"ಚಂದ್ರನ್ನ ನೋಡಿದ್ದು ಹತ್ತು ದಿನ," ಅವನು ನೆಲ ನೋಡುತ್ತ ಹೇಳಿದ, "ಗಾಜನ್ನ ಮೂರು ವರ್ಷದಿಂದ."

ಅವಳು ಕೋಪ ಮಾಡಿಕೊಳ್ಳಬೇಕಿತ್ತು. ಹುಡುಕಿದಳು, ಸಿಗಲಿಲ್ಲ. ಎದೆಯೊಳಗೆ ಬೇರೆ ಏನೋ ಒಲೆಯ ಮುಂದೆ ಇಟ್ಟ ಹಿಟ್ಟಿನಂತೆ ಉಬ್ಬುತ್ತಿತ್ತು.

"ಬೇರೆ ಅಚ್ಚು?"

"ಮೂರು ದಿನ ಎಣ್ಣೆ ಕುಡೀಬೇಕು. ಇಲ್ಲದಿದ್ರೆ ಹಿಟ್ಟು ಅಂಟುತ್ತೆ."

ಗೋಪುರದ ಗಂಟೆ ಬಾರಿಸಲು ಉಳಿದಿದ್ದದ್ದು ಮೂರು ತಾಸು. ಏನು ಮಾಡಲೂ ತೋಚದೆ ಅವಳು ಕೈಯಲ್ಲಿದ್ದ ಜೋಡಿಚಂದ್ರದ ಮೇಲಿನ ಪದರವನ್ನು ಕಿತ್ತಳು. ತಿನ್ನಲು ಬಾಯಿಯವರೆಗೆ ಒಯ್ದವಳು ಹಾಗೆಯೇ ತಡೆದಳು. ಪದರದ ಹಿಂಬದಿಯಲ್ಲಿ ಇಬ್ಬರು ಚಂದ್ರರು ತಗ್ಗಾಗಿ ಮೂಡಿದ್ದರು. ಚಿಕ್ಕವನು ಎಡಕ್ಕೆ.

"ಮಗುಚಿ ಹಾಕಿದ್ರೆ ಸರಿಹೋಗುತ್ತೆ!" ಅವಳು ಕೂಗಿಬಿಟ್ಟಳು. "ಮೇಲಿನ ಪದರಾನ ಅಚ್ಚೊತ್ತಿ ಮಗುಚೋದು, ತಗ್ಗಿಗೆ ಜೇನು ತುಂಬೋದು. ಏನ್ ನೋಡ್ತಿದ್ದೀರಿ? ಬನ್ನಿ, ತಪ್ಪು ನಿಮ್ಮದು ತಾನೇ?"

ಮೂರು ವರ್ಷದಲ್ಲಿ ಮೊದಲ ಸಲ ಅವನು ಆ ಗಾಜಿನ ಒಳಗಿದ್ದ. ಅವನು ಒತ್ತಿ ಕೊಟ್ಟ, ಅವಳು ಮಗುಚಿ ಹೊದಿಸಿದಳು. ತೆಳ್ಳನೆಯ ಪದರ ಹರಿಯದಂತೆ ಇಬ್ಬರೂ ಸೇರಿಯೇ ಎತ್ತಬೇಕಿತ್ತು. ಬೆರಳಿಗೆ ಬೆರಳು ತಾಗಿದಾಗಲೆಲ್ಲ ಅವನು "ಸಾರಿ" ಎನ್ನುತ್ತಿದ್ದ. ಆರನೆಯ ಸಾರಿಗೆ ಅವಳು ನಕ್ಕುಬಿಟ್ಟಳು.

ಮೂಲೆಯಲ್ಲಿ ಅಕ್ರೋಟು ಬಿಡಿಸುತ್ತಿದ್ದ ಅತ್ತೆ ಕೆಮ್ಮಿದರು. "ಅಚ್ಚುಗಾರರಿಗೆ ಹಿಟ್ಟಿನ ಕೆಲಸಾನೂ ಬರುತ್ತೇನಪ್ಪಾ?"

"ಕಲೀತೀನಮ್ಮ."

"ಹೂಂ, ಕಲಿಸೋಳು ಸಿಕ್ಕಿದ್ರೆ ಎಲ್ಲಾ ಬರುತ್ತೆ."

ಗೋಪುರದ ಕೆಳಗೆ ಊರೆಲ್ಲ ನೆರೆದಿತ್ತು. ಅಜ್ಜಿ ಜೋಡಿಚಂದ್ರವನ್ನು ಕಣ್ಣ ಮಟ್ಟಕ್ಕೆ ಎತ್ತಿ ಹಿಡಿದಳು. ಬೆಂದು ಗಟ್ಟಿಯಾದ ಜೇನಿನ ಚಂದ್ರರು ಸಂಜೆಯ ಬೆಳಕಿಗೆ ಹೊಳೆದರು.

"ಯಾವಾಗಲೂ ಉಬ್ಬಿರ್ತಿತ್ತು. ಈ ಸಲ ಯಾಕೆ ತಗ್ಗು?"

ಬೇಕರಿಯ ಹುಡುಗಿ ಒಂದು ಹೆಜ್ಜೆ ಮುಂದೆ ಬಂದಳು. "ಜೇನು ನಿಲ್ಲಲಿ ಅಂತ, ಅಜ್ಜಿ."

ಅಜ್ಜಿ ಆಕಾಶ ನೋಡಿದಳು, ಅಂಗೈ ನೋಡಿದಳು. ಅಂಚು ಮುರಿದು ಬಾಯಿಗೆ ಹಾಕಿಕೊಂಡಳು. ಇನ್ನೊಂದು ಚೂರನ್ನೂ ಮುರಿದಳು. ಆಮೇಲೆ ಜೇನು ಮೆತ್ತಿದ ಕೈಯಿಂದಲೇ ಗಂಟೆಯ ಹಗ್ಗ ಎಳೆದಳು.

ಟ್ರೇ ಖಾಲಿಯಾಗುವ ಹೊತ್ತಿಗೆ ಒಂದೇ ಒಂದು ಉಳಿದಿತ್ತು. "ಅತ್ತೆ, ಬನ್ನಿ, ಮುರಿಯೋಣ."

"ನನಗೆ ಹಲ್ಲುನೋವು ಕಣೇ," ಎಂದರು ಅತ್ತೆ, ಅಕ್ರೋಟು ಕಟಕಟ ಅಗಿಯುತ್ತ.

ಅವಳು ರಸ್ತೆ ದಾಟಿದಳು. ಅವನು ಅದೇ ಸ್ಟೂಲಿನ ಮೇಲೆ ಕೂತು ಗಾಜಿನಲ್ಲಿ ಖಾಲಿ ಮೇಜನ್ನು ನೋಡುತ್ತಿದ್ದ.

"ಅಲ್ಲೇನು ಹುಡುಕ್ತಿದ್ದೀರಿ? ನಾನು ಇಲ್ಲಿದ್ದೀನಿ."

ಅವನು ದಡಬಡಿಸಿ ಎದ್ದ. ಅವಳು ಅವನ ತೋಳು ಹಿಡಿದು ಬಾಗಿಲಾಚೆ ನಾಲ್ಕು ಹೆಜ್ಜೆ ನಡೆಸಿ, ಸೂರಿನ ಕಡೆ ತಿರುಗಿಸಿ ನಿಲ್ಲಿಸಿದಳು. ಚಂದ್ರರು ಒರಗಿಕೊಂಡಿದ್ದರು.

"ಈಗ ಸರಿಯಾಗಿ ಹೇಳಿ. ಚಿಕ್ಕವನು ಯಾವ ಕಡೆ?"

"ನೋಡಿಲ್ಲ," ಎಂದ ಅವನು, ಅವಳ ಮುಖದಿಂದ ಕಣ್ಣು ತೆಗೆಯದೆ. "ನನಗೆ ನೀವಂದ್ರೆ ತುಂಬಾ ಇಷ್ಟ. ಅದು ಬಿಟ್ಟು ಬೇರೇನೂ ತೋಚ್ತಿಲ್ಲ."

ಅವಳು ಜೋಡಿಚಂದ್ರದ ಒಂದು ಅಂಚನ್ನು ಅವನ ಕೈಗಿತ್ತಳು. ಇಬ್ಬರೂ ಎಳೆದರು. ಅದು ಚಟ್ಟೆಂದು ಮುರಿದು ಪದರಗಳೆಲ್ಲ ಉದುರಿದವು.

"ಹಿಂಗಾದ್ರೆ ಮುಂದಿನ ವರ್ಷವೂ ಅಚ್ಚು ತಪ್ಪಾಗುತ್ತೆ," ಎಂದಳು ಬಾಯಿತುಂಬ ಜೇನಿಟ್ಟುಕೊಂಡು.

"ಆಗಲಿ. ಮಗುಚಿ ಹಾಕೋಕೆ ನೀವಿರ್ತೀರಲ್ಲ?"

"ಇರ್ತೀನಿ," ಎಂದಳು.